ಪರಭಾಷೆಯ ಪ್ರೇಮಕಥೆ, ಭೀಮಾತೀರದ ನೋಡುಗರು

ಕರ್ನಾಟಕದಲ್ಲಿ ಟಿ.ವಿ. ಮೊದಲು ಬೆಳಗಿದ್ದು ಬೆಂಗಳೂರಿನಲ್ಲಲ್ಲ, ಕಲಬುರಗಿ, ರಾಯಚೂರು, ವಿಜಯಪುರ ಜಿಲ್ಲೆಗಳ ಹಳ್ಳಿಗಳಲ್ಲಿ. 1975ರ ಆಗಸ್ಟ್ 1ರಂದು ಎಟಿಎಸ್-6 ಎಂಬ ಅಮೆರಿಕದ ಉಪಗ್ರಹದ ಮೂಲಕ ದೇಶದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಪ್ರಸಾರ ಶುರುವಾಯಿತು. ಸೈಟ್ ಎಂದು ಹೆಸರಾದ ಆ ಪ್ರಯೋಗಕ್ಕೆ ನಮ್ಮ ರಾಜ್ಯದಿಂದ ಆರಿಸಿದ್ದು ಈ ಮೂರು ಜಿಲ್ಲೆಗಳನ್ನು. ಬೆಂಗಳೂರಿಗೆ ದೂರದರ್ಶನ ಕೇಂದ್ರ ಬಂದದ್ದು 1981ರಲ್ಲಿ. ಹಾಗಾಗಿ ಪರದೆಯ ಮುಂದೆ ಕೂತು ದೂರದ ಕಥೆ ನೋಡುವ ರೂಢಿಯಲ್ಲಿ ಭೀಮೆ, ಕಾಗಿಣಾ ತೀರದ ಜನ ರಾಜಧಾನಿಗಿಂತ ಹಿರಿಯರು.

ಇವತ್ತು ಸನ್ನತಿ, ಚಿತ್ತಾಪುರ, ವಾಡಿ, ಶಹಾಬಾದ್, ಸೇಡಂ, ಚಿಂಚೋಳಿಯ ಹರೆಯದ ಮಕ್ಕಳ ಫೋನಿಗೆ ದಕ್ಷಿಣ ಕೊರಿಯಾದ ಸೋಲ್ ನಗರದ ಪ್ರೇಮಕಥೆ ಹಿಂದಿ ಅಥವಾ ತೆಲುಗು ದನಿಯಲ್ಲಿ ಬಂದು ಇಳಿಯುತ್ತಿದೆ. ಅಲ್ಲಿನ ಊಟ ಬೇರೆ, ಉಡುಗೆ ಬೇರೆ, ಮಳೆ ಹಿಮಗಳ ಲೆಕ್ಕವೂ ಬೇರೆ. ಆದರೂ ನಾಯಕಿ ತಾಯಿಯ ಮುಂದೆ ತಲೆ ತಗ್ಗಿಸಿ ನಿಂತಾಗ ಇಲ್ಲಿ ಕಣ್ಣು ಒದ್ದೆಯಾಗುತ್ತದೆ. ಹೀಗೇಕೆ ಎಂಬ ಪ್ರಶ್ನೆಯನ್ನು ಜಗತ್ತಿನ ಬೇರೆ ಬೇರೆ ಕಡೆ ಕೇಳಲಾಗಿದೆ. ಜಪಾನಿನ ಗೃಹಿಣಿಯರು, ಮಣಿಪುರದ ಯುವಕರು, ಮಂಗೋಲಿಯನ್ ಮಾತಾಡುವ ಹುಲ್ಲುಗಾವಲ ನಾಡಿನ ಕುಟುಂಬಗಳು ಕೊರಿಯಾದ ಕಣ್ಣೀರಿನ ಕಥೆಗಳಿಗೆ ಮನಸೋತ ಬಗೆಯ ಸುತ್ತ ವಾದಗಳು ಬೆಳೆದಿವೆ. ಕನ್ನಡಕ್ಕೆ ಈ ಪ್ರಶ್ನೆ ಹೊಸದಲ್ಲ. ಮರಾಠಿ ನಾಟಕ, ಹಿಂದಿ ಸಿನಿಮಾ, ತೆಲುಗು ಕಾದಂಬರಿ ಎಂದು ಹೆಸರು ಬದಲಿಸಿಕೊಂಡು ಅದು ನೂರೈವತ್ತು ವರ್ಷಗಳಿಂದ ನಮ್ಮ ಜೊತೆಯಲ್ಲಿದೆ. ಆ ಚರ್ಚೆಯ ಹಾದಿ, ಅದರ ಪಂಥಗಳು, ಪ್ರತಿ ಪಂಥವೂ ಬಿಡಿಸಿದ ಮತ್ತು ಬಿಡಿಸದೆ ಉಳಿದ ಗಂಟುಗಳು, ಇವನ್ನು ಒಟ್ಟಾಗಿ ನೋಡುವ ಪ್ರಯತ್ನ ಈ ಲೇಖನ.

ರಂಗದ ಮೇಲೆ ಹುಟ್ಟಿದ ಜಗಳ

1870ರ ದಶಕದಲ್ಲಿ ಗದಗಿನ ಶಾಂತಕವಿಗಳು, ಅಂದರೆ ಸಕ್ಕರಿ ಬಾಳಾಚಾರ್ಯರು, ಕನ್ನಡ ನಾಟಕ ಮಂಡಳಿ ಕಟ್ಟಿದ್ದು ಉತ್ತರ ಕರ್ನಾಟಕದ ಊರೂರಿನಲ್ಲಿ ಮರಾಠಿ ನಾಟಕಗಳು ಜನರನ್ನು ಸೆಳೆಯುತ್ತಿದ್ದ ಕಾಲದಲ್ಲಿ. ಕನ್ನಡಿಗರು ಟಿಕೆಟು ಕೊಂಡು ಬೇರೆ ಭಾಷೆಯ ಹಾಡಿಗೆ ತಲೆದೂಗುವುದನ್ನು ಕಂಡು ಅವರಿಗೆ ನೋವಾಗಿತ್ತು. ಆದರೆ ಅವರು ಕೊಟ್ಟ ಉತ್ತರ ನಿಷೇಧವಾಗಿರಲಿಲ್ಲ. ಕನ್ನಡದಲ್ಲೇ ಅಷ್ಟು ರಂಜಕವಾದ ನಾಟಕ ಕೊಡುವ ಹಟವಾಗಿತ್ತು. 1880ರ ದಶಕದಲ್ಲಿ ಕಿರ್ಲೋಸ್ಕರರ ‘ಸಂಗೀತ ಸೌಭದ್ರ’ದ ಗಾಳಿ ಬೀಸಿದ ಮೇಲೆ ಆ ಪೈಪೋಟಿ ಇನ್ನೂ ಬಿರುಸಾಯಿತು. ಕನ್ನಡ ವೃತ್ತಿರಂಗಭೂಮಿ ತನ್ನ ಹಾಡು, ಪರದೆ, ಮಟ್ಟುಗಳಲ್ಲಿ ಮರಾಠಿ ಮತ್ತು ಪಾರ್ಸಿ ಕಂಪನಿಗಳಿಂದ ಧಾರಾಳವಾಗಿ ಪಡೆಯಿತು.

ಕಲಬುರಗಿ ಸೀಮೆಯ ಕಥೆ ಇದಕ್ಕಿಂತ ತೊಡಕಿನದು. ಇದು 1948ರವರೆಗೆ ಹೈದರಾಬಾದ್ ಸಂಸ್ಥಾನದ ಭಾಗ. ಕಚೇರಿ ಮತ್ತು ಶಾಲೆಯಲ್ಲಿ ಉರ್ದು, ಪೇಟೆಯಲ್ಲಿ ದಖನಿ, ಸೇಡಂ, ಚಿಂಚೋಳಿಯ ಗಡಿಯಲ್ಲಿ ತೆಲುಗು, ತಾಂಡಾಗಳಲ್ಲಿ ಲಂಬಾಣಿ, ಪಡುವಣಕ್ಕೆ ಹೋದರೆ ಮರಾಠಿ. ವಾಡಿಯಿಂದ ಸೇಡಂ ಮೂಲಕ ಸಿಕಂದರಾಬಾದಿಗೆ ರೈಲು ಹಾಕಿದ್ದು 1874ರಲ್ಲಿ. ಮುಂಬೈ–ಮದರಾಸು ಮಾರ್ಗವೂ ವಾಡಿಯಲ್ಲೇ ಹಾಯುತ್ತದೆ. ಮುಂದೆ ಶಹಾಬಾದ್, ವಾಡಿ, ಸೇಡಂಗಳಲ್ಲಿ ಸಿಮೆಂಟ್ ಕಾರ್ಖಾನೆಗಳು ಎದ್ದಾಗ ಹಲವು ರಾಜ್ಯಗಳ ಕೆಲಸಗಾರರು ಬಂದು ನೆಲೆಸಿದರು. ಒಂದೇ ಭಾಷೆಯೊಳಗೆ ಬದುಕು ಮುಗಿಸಿದವರು ಇಲ್ಲಿ ಕಡಿಮೆ. ಹೀಗಾಗಿ ಬೇರೆ ಭಾಷೆಯ ಕಥೆ ಕೇಳುವುದು ಈ ಸೀಮೆಗೆ ವಿಶೇಷವಲ್ಲ, ದಿನನಿತ್ಯದ ಸಂಗತಿ.

ಈ ನೆಲಕ್ಕೆ ತನ್ನದೇ ಕಣ್ಣೀರಿನ ಪರಂಪರೆಯೂ ಇತ್ತು. ಭೀಮಾತೀರದ ಹಲಸಂಗಿಯ ಗೆಳೆಯರು 1931ರಲ್ಲಿ ಹೊರತಂದ ‘ಗರತಿಯ ಹಾಡು’ ಬೀಸುವ ಕಲ್ಲಿನ ಮುಂದೆ ಹೆಣ್ಣುಮಕ್ಕಳು ಹಾಡಿದ ತವರು, ಅತ್ತೆಮನೆ, ಅಗಲಿಕೆಗಳ ಸಂಗ್ರಹ. ಸೊಸೆಯನ್ನು ಕೆರೆಗೆ ಬಲಿಕೊಡುವ ‘ಕೆರೆಗೆ ಹಾರ’ದ ಕಥೆ ಕೇಳಿ ಅತ್ತ ತಲೆಮಾರುಗಳು ಇಲ್ಲಿವೆ. ಜಾತ್ರೆಗಳಲ್ಲಿ ಊರ ಹುಡುಗರು ಕಲಿತು ಆಡುವ ಸಾಮಾಜಿಕ ನಾಟಕಗಳಿವೆ. ಅವುಗಳಲ್ಲಿ ಪಿ.ಬಿ. ಧುತ್ತರಗಿ ಅವರ ಹೆಸರು ದೊಡ್ಡದು. ಅವರ ‘ಸಂಪತ್ತಿಗೆ ಸವಾಲ್’ 1974ರಲ್ಲಿ ರಾಜ್‌ಕುಮಾರ್ ಅಭಿನಯದ ಸಿನಿಮಾ ಆಯಿತು. ಹಣದ ಸೊಕ್ಕಿನ ಮನೆತನ, ಮರ್ಯಾದೆ ಬಿಡದ ಬಡ ಯುವಕ, ನಡುವೆ ಒಂದು ಪ್ರೀತಿ: ಕೊರಿಯಾದ ಉದ್ಯಮಿ ಮನೆತನಗಳ ಪ್ರೇಮಕಥೆಗಳನ್ನು ನೋಡುವವರಿಗೆ ಈ ಚೌಕಟ್ಟು ತಕ್ಷಣ ಗುರುತು ಸಿಗುತ್ತದೆ.

ಕೃಷಿಪಾಠದಿಂದ ಧಾರಾವಾಹಿಗೆ

ಸೈಟ್ ಪ್ರಯೋಗದ ಗುರಿ ಮನರಂಜನೆಯಾಗಿರಲಿಲ್ಲ. ಬೆಳಿಗ್ಗೆ ಶಾಲಾ ಮಕ್ಕಳಿಗೆ ಪಾಠ, ಸಂಜೆ ಬೇಸಾಯ, ಆರೋಗ್ಯ, ಕುಟುಂಬ ಯೋಜನೆ. ಒಂದು ವರ್ಷದ ಪ್ರಯೋಗ 1976ರ ಜುಲೈ 31ಕ್ಕೆ ಮುಗಿಯಿತು. 1977ರಲ್ಲಿ ಕಲಬುರಗಿಗೆ ದೂರದರ್ಶನದ ಪ್ರಸಾರ ಬಂತು. ಆಗಲೇ ಜನರಿಗೆ ಒಂದು ರುಚಿ ಹತ್ತಿತ್ತು: ಊರಿನ ಹೊರಗಿನ ಬದುಕನ್ನು ಊರಲ್ಲೇ ಕೂತು ನೋಡುವುದು.

1984ರ ಜುಲೈಯಲ್ಲಿ ‘ಹಮ್ ಲೋಗ್’ ಆರಂಭವಾದಾಗ ಭಾರತಕ್ಕೆ ಧಾರಾವಾಹಿಯ ಯುಗ ಬಂತು. ಅದರ ಮಾದರಿ ಬಂದದ್ದು ಮೆಕ್ಸಿಕೋದ ಮಿಗೆಲ್ ಸಬೀದೋ ಅವರಿಂದ; ಕಣ್ಣೀರಿನ ಕಥೆಯ ಒಳಗೆ ಸಮಾಜಕ್ಕೆ ಬೇಕಾದ ಪಾಠ ಇಡುವ ಉಪಾಯ ಅವರದು. ಅಂದರೆ ಭಾರತದ ಮೊದಲ ಜನಪ್ರಿಯ ಧಾರಾವಾಹಿಯೇ ಹೊರದೇಶದ ಬೀಜದಿಂದ ಹುಟ್ಟಿದ್ದು. 1994ರಲ್ಲಿ ಉದಯ, 2000ದ ಕೊನೆಗೆ ಈಟಿವಿ ಕನ್ನಡ, 2006ರಲ್ಲಿ ಜೀ ಕನ್ನಡ ಬಂದವು. ಟಿ.ಎನ್. ಸೀತಾರಾಮ್ ಅವರ ‘ಮಾಯಾಮೃಗ’ದಂಥ ಧಾರಾವಾಹಿಗಳು ಕನ್ನಡಕ್ಕೆ ತನ್ನದೇ ದನಿ ತಂದುಕೊಟ್ಟವು.

ಬಳಿಕದ ವರ್ಷಗಳಲ್ಲಿ ಒಂದು ವಿಚಿತ್ರ ನಡೆಯಿತು. ಪರಭಾಷೆಯ ಧಾರಾವಾಹಿಗೆ ಕನ್ನಡ ದನಿ ಕೂಡಿಸುವ ಡಬ್ಬಿಂಗಿಗೆ ಕನ್ನಡ ವಾಹಿನಿಗಳಲ್ಲಿ ಬಾಗಿಲು ಮುಚ್ಚಿದ್ದರೂ ಪರಭಾಷೆಯ ಕಥೆಗೆ ತೆರೆದೇ ಇತ್ತು. ಹಿಂದಿಯ ‘ಬಾಲಿಕಾ ವಧು’ ಕನ್ನಡದಲ್ಲಿ ‘ಪುಟ್ಟಗೌರಿ ಮದುವೆ’ ಆಯಿತು. ಮರಾಠಿಯ ‘ತುಲಾ ಪಾಹತೇ ರೇ’ ‘ಜೊತೆಜೊತೆಯಲಿ’ ಆಯಿತು. ತೆಲುಗಿನ ‘ರಾಧಮ್ಮ ಕೂತುರು’ ‘ಪುಟ್ಟಕ್ಕನ ಮಕ್ಕಳು’ ಆಯಿತು. ಇವನ್ನು ಲಕ್ಷಾಂತರ ಜನ ತಮ್ಮ ಮನೆಯ ಕಥೆ ಎಂದೇ ನೋಡಿದರು. ಆಕರ್ಷಣೆ ಭಾಷೆಯದೋ ಕಥೆಯದೋ ಎಂಬ ಪ್ರಶ್ನೆಗೆ ಈ ಮರುನಿರ್ಮಾಣಗಳೇ ಒಂದು ದೊಡ್ಡ ಸಾಕ್ಷ್ಯ.

ಕೊರಿಯಾದ ಅಲೆ ಎದ್ದ ಬಗೆ

1997ರ ಆರ್ಥಿಕ ಕುಸಿತದ ಬಳಿಕ ದಕ್ಷಿಣ ಕೊರಿಯಾ ಸಂಸ್ಕೃತಿಯನ್ನೂ ಉದ್ಯಮವಾಗಿ ಕಂಡಿತು. ಅದೇ ವರ್ಷ ಚೀನಾದಲ್ಲಿ ಕೊರಿಯಾದ ಕುಟುಂಬ ಧಾರಾವಾಹಿಯೊಂದು ಮನೆಮಾತಾಗಿತ್ತು. 2002ರ ‘ವಿಂಟರ್ ಸೊನಾಟಾ’ ಮರುವರ್ಷ ಜಪಾನಿನಲ್ಲಿ ಪ್ರಸಾರವಾಗಿ ಮಧ್ಯವಯಸ್ಸಿನ ಹೆಂಗಸರ ಮನಗೆದ್ದಿತು. ಅರಮನೆಯ ಅಡುಗೆಯವಳು ವೈದ್ಯೆಯಾಗುವ ‘ಡೇ ಜಾಂಗ್ ಗಮ್’ ಏಷ್ಯಾದಾಚೆಗೂ ಹೋಯಿತು.

ಮಂಗೋಲಿಯಾದ ಸನ್ನಿವೇಶ ಬೇರೆ. ಅಲ್ಲಿ 1990ರಲ್ಲಿ ಏಕಪಕ್ಷದ ಆಳ್ವಿಕೆ ಕೊನೆಯಾಯಿತು. ಅದೇ ವರ್ಷದ ಮಾರ್ಚಿನಲ್ಲಿ ದಕ್ಷಿಣ ಕೊರಿಯಾದೊಂದಿಗೆ ರಾಜತಾಂತ್ರಿಕ ನಂಟು ಬೆಳೆಯಿತು. ಸೋವಿಯತ್ ಕಾಲದ ಕಥೆಗಳು ಹಿಂದೆ ಸರಿದ ಜಾಗಕ್ಕೆ ಕೊರಿಯಾದ ಕಥೆಗಳು ಬಂದವು. ಸುಮಾರು ಮೂವತ್ತೈದು ಲಕ್ಷ ಜನರ ಆ ದೇಶದಿಂದ ಹತ್ತಾರು ಸಾವಿರ ಮಂದಿ ಕೆಲಸಕ್ಕೆ, ಓದಿಗೆ ಕೊರಿಯಾಕ್ಕೆ ಹೋದರು. ಗಡಿಯಾಚೆ ಚೀನಾದ ಒಳಮಂಗೋಲಿಯಾದಲ್ಲಿ ಅದೇ ಭಾಷೆಯವರು ಅದೇ ಬಗೆಯ ಕಥೆಗಳನ್ನು ಚೀನೀ ವಾಹಿನಿಗಳ ಮೂಲಕ ನೋಡಿದರು. ಒಂದು ಭಾಷೆ, ಎರಡು ರಾಜ್ಯವ್ಯವಸ್ಥೆ, ಒಂದೇ ಕಣ್ಣೀರು. ಕನ್ನಡ ಸೀಮೆಯನ್ನು ಹಲವು ಆಡಳಿತಗಳ ಕೆಳಗೆ ಹಂಚಿಹೋದ ಸ್ಥಿತಿಯಲ್ಲಿ ಕಂಡವರಿಗೆ ಇದು ಅರ್ಥವಾಗುವ ಚಿತ್ರ.

ಭಾರತದಲ್ಲಿ ಮೊದಲು ಈ ಅಲೆ ತಾಗಿದ್ದು ಮಣಿಪುರಕ್ಕೆ. 2000ದಲ್ಲಿ ಅಲ್ಲಿನ ಸಶಸ್ತ್ರ ಸಂಘಟನೆಯೊಂದು ಹಿಂದಿ ಚಿತ್ರಗಳಿಗೆ ತಡೆ ಒಡ್ಡಿದ ಮೇಲೆ ಕೇಬಲ್ಲಿನಲ್ಲಿ ಬರುತ್ತಿದ್ದ ಕೊರಿಯಾದ ಅರಿರಂಗ್ ವಾಹಿನಿ ಮನೆಮನೆ ಸೇರಿತು. ಮುಂದೆ ದೂರದರ್ಶನವೂ ಹಿಂದಿ ದನಿಯಲ್ಲಿ ಕೊರಿಯನ್ ಧಾರಾವಾಹಿ ತೋರಿಸಿತು. 2014ರಲ್ಲಿ ಆರಂಭವಾದ ಜಿಂದಗಿ ವಾಹಿನಿ ಪಾಕಿಸ್ತಾನ, ಟರ್ಕಿ, ಕೊರಿಯಾದ ಕಥೆಗಳನ್ನು ಹಿಂದಿ ಬಲ್ಲ ಮನೆಗಳಿಗೆ ಮುಟ್ಟಿಸಿತು. 2016ರಲ್ಲಿ ಅಗ್ಗದ ಡೇಟಾ ಬಂತು. 2020ರ ಲಾಕ್‌ಡೌನ್ ವರ್ಷದಲ್ಲಿ ಭಾರತದಲ್ಲಿ ಕೊರಿಯನ್ ಕಥೆಗಳ ವೀಕ್ಷಣೆ ಹಿಂದಿನ ವರ್ಷಕ್ಕಿಂತ ಶೇ. 370ಕ್ಕೂ ಹೆಚ್ಚು ಏರಿತೆಂದು ನೆಟ್‌ಫ್ಲಿಕ್ಸ್ ಹೇಳಿತು. ಇದೇ ಹೊತ್ತಿಗೆ ಹಿಂದಿ, ತಮಿಳು, ತೆಲುಗು ದನಿಗಳು ಸೇರಿದವು. ಕನ್ನಡ ಆ ಸಾಲಿನಲ್ಲಿ ಹಿಂದೆ ಉಳಿಯಿತು.

ಮೊದಲ ಪಂಥ: ಇದು ಯಜಮಾನಿಕೆಯ ಮಾತು

ಪರಭಾಷೆಯ ಕಥೆ ಗೆಲ್ಲುವುದು ಅದರ ಗುಣದಿಂದಲ್ಲ, ಬೆನ್ನಿಗಿರುವ ಬಂಡವಾಳದಿಂದ ಎನ್ನುವುದು ಈ ಪಂಥದ ಮಾತು. 1969ರಲ್ಲಿ ಹರ್ಬರ್ಟ್ ಶಿಲ್ಲರ್ ಅಮೆರಿಕದ ಸಮೂಹ ಮಾಧ್ಯಮಗಳ ಬಗ್ಗೆ ಬರೆದ ಪುಸ್ತಕದಿಂದ ಇದಕ್ಕೆ ಸಿದ್ಧಾಂತದ ಬಲ ಸಿಕ್ಕಿತು. ಕನ್ನಡದಲ್ಲಿ ಈ ವಾದ ಅದಕ್ಕೂ ಮುನ್ನ ಬೀದಿಗಿಳಿದಿತ್ತು. 1960ರ ದಶಕದ ಆರಂಭದಲ್ಲಿ ಅ.ನ. ಕೃಷ್ಣರಾಯರು, ಮ. ರಾಮಮೂರ್ತಿ ಮೊದಲಾದವರು ಡಬ್ಬಿಂಗ್ ವಿರುದ್ಧ ಚಳವಳಿ ನಡೆಸಿದರು. ರಾಜ್‌ಕುಮಾರ್ ಕೂಡ ಅವರೊಂದಿಗೆ ನಿಂತರು. ಆಗ ಕನ್ನಡಕ್ಕೆ ಸ್ವಂತ ನೆಲೆ ಗಟ್ಟಿಯಾಗಿರಲಿಲ್ಲ, ಚಿತ್ರೀಕರಣಕ್ಕೆ ಮದರಾಸಿಗೆ ಓಡಬೇಕಿತ್ತು, ವರ್ಷಕ್ಕೆ ಬರುತ್ತಿದ್ದ ಚಿತ್ರಗಳು ಬೆರಳೆಣಿಕೆಯವು. ಬೇರೆಡೆ ಹಣ ಮಾಡಿ ಮುಗಿಸಿದ ಚಿತ್ರ ಕನ್ನಡ ದನಿ ಹೊದ್ದು ಬಂದರೆ ಇಲ್ಲಿನ ಕಲಾವಿದ, ತಂತ್ರಜ್ಞ ಉಳಿಯುವುದು ಹೇಗೆ? ಆ ಭಯಕ್ಕೆ ಆಧಾರವಿತ್ತು. ಮುಂದೆ ಕನ್ನಡ ಚಿತ್ರರಂಗ ಬೆಳೆದು ನಿಂತದ್ದರಲ್ಲಿ ಆ ಚಳವಳಿಯ ಪಾಲನ್ನು ಮರೆಯುವುದು ಅನ್ಯಾಯ.

ಈ ಪಂಥ ಬಿಡಿಸಿ ಹೇಳುವುದು ಪೂರೈಕೆಯ ಅಸಮತೆಯನ್ನು. ಆದರೆ ಅದೇ ಸಾಕೆನ್ನುವಂತಿಲ್ಲ. ಬಂಡವಾಳವೇ ಎಲ್ಲವಾದರೆ ಹಾಲಿವುಡ್ ಎಲ್ಲೆಡೆ ಗೆಲ್ಲಬೇಕಿತ್ತು. ಲೀಬೆಸ್ ಮತ್ತು ಕಾಟ್ಜ್ ಎಂಬ ಸಂಶೋಧಕರು ‘ಡಲ್ಲಾಸ್’ ಎಂಬ ಅಮೆರಿಕನ್ ಧಾರಾವಾಹಿಯನ್ನು ಬೇರೆ ಬೇರೆ ಸಮುದಾಯಗಳು ಬೇರೆ ಬೇರೆಯಾಗಿ ಅರ್ಥಮಾಡಿಕೊಂಡದ್ದನ್ನೂ, ಜಪಾನಿನಲ್ಲಿ ಅದು ಸೋತದ್ದನ್ನೂ 1990ರ ತಮ್ಮ ಪುಸ್ತಕದಲ್ಲಿ ತೋರಿಸಿದರು. ನೋಡುಗರು ಸುಮ್ಮನೆ ತುಂಬಿಸಿಕೊಳ್ಳುವವರಲ್ಲ. ಅವರಿಗೆ ಆರಿಸುವ ಬುದ್ಧಿಯಿದೆ.

ಎರಡನೆಯ ಪಂಥ: ಹತ್ತಿರದ್ದೇ ಹಿಡಿಸುತ್ತದೆ

ಜೋಸೆಫ್ ಸ್ಟ್ರಾಬಾರ್ 1991ರಲ್ಲಿ ಮಂಡಿಸಿದ ವಾದ ಇದು: ಜನ ಮೊದಲು ತಮ್ಮ ಸಂಸ್ಕೃತಿಯ ಕಥೆಯನ್ನು ಬಯಸುತ್ತಾರೆ, ಅದು ಸಿಗದಾಗ ತಮಗೆ ಹತ್ತಿರವಾದ ಸಂಸ್ಕೃತಿಯದನ್ನು. ಮಂಗೋಲಿಯಾ ಮತ್ತು ಕೊರಿಯಾದ ನಡುವೆ ಮುಖಚಹರೆ, ಹಿರಿಯರಿಗೆ ತೋರುವ ಗೌರವ, ಕುಟುಂಬದ ಕಟ್ಟು, ಇತಿಹಾಸದ ನೆನಪುಗಳ ಸಾಮ್ಯವಿದೆಯೆಂದು ಈ ಪಂಥದವರು ಹೇಳುತ್ತಾರೆ. ಮಣಿಪುರದ ಬಗ್ಗೆಯೂ ಇದೇ ಮಾತು ಬಂದಿದೆ.

ಇದನ್ನು ಸನ್ನತಿಯ ನೆಲದಲ್ಲಿಟ್ಟು ನೋಡಿದರೆ ವಾದದ ಬಲವೂ ಮಿತಿಯೂ ಕಾಣುತ್ತವೆ. ಪಕ್ಕದ ಕನಗನಹಳ್ಳಿಯ ಬೌದ್ಧ ಸ್ತೂಪದಲ್ಲಿ ಅಶೋಕನ ಹೆಸರು ಕೊರೆದ ಶಿಲ್ಪ ಸಿಕ್ಕಿದೆ. ಚಂದ್ರಲಾಂಬಾ ಗುಡಿಯ ಆವರಣದಲ್ಲಿ ಅವನ ಶಾಸನ ದೊರೆತಿದೆ. ಮಂಗೋಲಿಯಾ, ಕೊರಿಯಾಗಳನ್ನು ತಲುಪಿದ ಬೌದ್ಧ ಧರ್ಮ ಒಂದು ಕಾಲಕ್ಕೆ ಈ ಭೀಮೆಯ ದಂಡೆಯಲ್ಲೂ ಇತ್ತು. ಆದರೆ ಇಂದಿನ ಹುಡುಗಿ ಕೊರಿಯಾದ ಕಥೆ ನೋಡುವುದು ಸ್ತೂಪದ ನೆನಪಿನಿಂದಲ್ಲ. ಅವಳನ್ನು ಮುಟ್ಟುವುದು ಮೂರು ತಲೆಮಾರು ಒಂದೇ ಮನೆಯಲ್ಲಿ ಕೂತು ಉಣ್ಣುವ ನೋಟ, ಅಪ್ಪನ ಮುಂದೆ ದನಿಯೆತ್ತಲಾಗದ ಮಗ, ಅನ್ನದ ಋಣ, ಮದುವೆಗೆ ಅಡ್ಡ ಬರುವ ಅಂತಸ್ತು. ಅದು ರಕ್ತ ಅಥವಾ ಧರ್ಮದ ಸಾಮೀಪ್ಯವಲ್ಲ, ಕುಟುಂಬದ ಕಟ್ಟಳೆಯ ಸಾಮೀಪ್ಯ.

ಹತ್ತಿರ ಯಾವುದು ಎಂಬುದನ್ನು ಮೊದಲೇ ಅಳೆದಿಡಲು ಬರುವುದಿಲ್ಲ ಎಂಬುದು ಈ ಪಂಥದ ದೌರ್ಬಲ್ಯ. ಗೆದ್ದ ಕಥೆಯನ್ನು ಹಿಡಿದು ಇದು ಹತ್ತಿರವಿತ್ತು ಎಂದು ಆಮೇಲೆ ಹೇಳುವುದು ಸುಲಭ. ಕನ್ನಡದೊಳಗೂ ಇದೇ ತೊಡಕಿದೆ. ಬೆಂಗಳೂರು, ಮೈಸೂರು ಮನೆಗಳ ಮಾತಿನಲ್ಲಿ ನಡೆಯುವ ಬಹುಪಾಲು ಧಾರಾವಾಹಿಗಳಲ್ಲಿ ಕಲಬುರಗಿಯ ನುಡಿ ಅಪರೂಪ. ಬಂದರೂ ಹೆಚ್ಚಾಗಿ ನಗಿಸುವ ಪಾತ್ರಕ್ಕೆ. ಹಾಗಿದ್ದರೆ ಸೇಡಂನ ತಾಯಿಗೆ ಯಾವುದು ಹತ್ತಿರ? ತನ್ನ ಲಿಪಿಯ, ತನ್ನದಲ್ಲದ ಮಾತಿನ ಧಾರಾವಾಹಿಯೇ? ಚಿಕ್ಕಂದಿನಿಂದ ಕೇಳಿದ ದಖನಿಗೆ ನೆಂಟನಾದ ಹಿಂದಿಯ ಧಾರಾವಾಹಿಯೇ?

ಮೂರನೆಯ ಪಂಥ: ಅತಿಭಾವುಕ ಕಥನ ಎಲ್ಲರ ಸೊತ್ತು

1976ರಲ್ಲಿ ಪೀಟರ್ ಬ್ರೂಕ್ಸ್ ಹೇಳಿದ್ದು ಈ ಚರ್ಚೆಯನ್ನೇ ತಿರುಗಿಸಿತು. ಹಳೆಯ ನಂಬಿಕೆಗಳು ಅಲುಗಾಡುವ ಕಾಲದಲ್ಲಿ ಒಳಿತು ಕೆಡುಕುಗಳನ್ನು ಕಣ್ಣಿಗೆ ಕಾಣುವಂತೆ ಮಾಡುವ ಕಲೆಯೇ ಮೆಲೊಡ್ರಾಮಾ ಎಂದು ಅವರು ವಾದಿಸಿದರು. ಅಳು, ಆಕಸ್ಮಿಕ, ತಡವಾಗಿ ತಿಳಿಯುವ ಸತ್ಯ, ಮೌನವಾಗಿ ನೋವುಣ್ಣುವ ಒಳ್ಳೆಯತನ ಇವು ಬರವಣಿಗೆಯ ದೋಷಗಳಲ್ಲ, ಆ ಕಲೆಯ ವ್ಯಾಕರಣ. ಭಾರತೀಯ ಸಿನಿಮಾದ ಬಗ್ಗೆ ಎಂ. ಮಾಧವ ಪ್ರಸಾದ್ 1998ರ ತಮ್ಮ ಪುಸ್ತಕದಲ್ಲಿ ಊಳಿಗಮಾನ್ಯ ಕುಟುಂಬದ ಪ್ರೇಮಕಥನವನ್ನು ಸಮಾಜದ ಅಧಿಕಾರದ ರಚನೆಗೆ ಜೋಡಿಸಿ ಓದಿದರು. ಪ್ರೇಮಿಗಳು ಮನೆತನದ ಒಪ್ಪಿಗೆಗಾಗಿ ಕಾಯುವ ಕಥೆಯಲ್ಲಿ ವ್ಯಕ್ತಿ ದೊಡ್ಡವನೋ ಮನೆತನ ದೊಡ್ಡದೋ ಎಂಬ ತಕರಾರು ನಡೆಯುತ್ತಿರುತ್ತದೆ.

ಈ ದೃಷ್ಟಿಯಿಂದ ನೋಡಿದರೆ ಕೊರಿಯಾ, ಮಂಗೋಲಿಯಾ, ಕಲಬುರಗಿ ಮೂರೂ ಕಡೆ ಒಂದು ಸಾಮಾನ್ಯ ಅನುಭವವಿದೆ: ಒಂದೆರಡು ತಲೆಮಾರಿನಲ್ಲೇ ಬದುಕು ಪೂರ್ತಿ ಬದಲಾದದ್ದು. ಕೊರಿಯಾ ಯುದ್ಧದ ಬೂದಿಯಿಂದ ಕಾರ್ಖಾನೆಯ ದೇಶವಾಯಿತು. ಮಂಗೋಲಿಯಾದ ಕುರಿಗಾಹಿಗಳು ಉಲಾನ್‌ಬಾತರ್‌ನ ಅಂಚಿನಲ್ಲಿ ಗೂಡಾರ ಹಾಕಿದರು. ಈ ಸೀಮೆಯ ತೊಗರಿ ಹೊಲದ ಕೂಲಿಗಳು, ತಾಂಡಾದ ಕುಟುಂಬಗಳು ಮುಂಬೈ, ಪುಣೆ, ಹೈದರಾಬಾದಿನ ಕಟ್ಟಡಗಳಿಗೆ ಗುಳೆ ಹೋದರು. ಊರು ಬಿಟ್ಟವರ ಮನಸ್ಸಿನಲ್ಲಿ ತಾಯಿಯೂ ತವರೂ ದೊಡ್ಡದಾಗುತ್ತವೆ. ಅಗಲಿದವರು ಕೊನೆಗೆ ಕೂಡುವ ಕಥೆ ಅಂಥ ಮನಸ್ಸಿಗೆ ಬೇಕಾಗುತ್ತದೆ.

ನಮ್ಮ ಕಥೆಗಳೂ ಇದೇ ಹಾದಿಯಲ್ಲಿ ಹೊರಗೆ ಹೋಗಿವೆ. ರಾಜ್ ಕಪೂರರ ‘ಆವಾರಾ’ 1954ರಲ್ಲಿ ಸೋವಿಯತ್ ಒಕ್ಕೂಟವನ್ನು ಮರುಳು ಮಾಡಿತು. ಕೊರಿಯಾದ ‘ಮಿರಾಕಲ್ ಇನ್ ಸೆಲ್ ನಂಬರ್ 7’ ಚಿತ್ರದ ಛಾಯೆಯುಳ್ಳ ‘ಪುಷ್ಪಕ ವಿಮಾನ’ 2017ರಲ್ಲಿ ಕನ್ನಡದಲ್ಲಿ ಬಂದಾಗ, ಜೈಲಿನ ಅಪ್ಪ ಮತ್ತು ಪುಟ್ಟ ಮಗಳ ಆ ಕಥೆ ಕನ್ನಡದ್ದೇ ಎನಿಸಿತು. ಆದರೆ ಎಲ್ಲೆಡೆಯೂ ಇರುವ ವ್ಯಾಕರಣ ಎಂದು ಒಪ್ಪಿದ ಮೇಲೂ, ಎಲ್ಲ ದೇಶಗಳ ಕಣ್ಣೀರಿನ ಕಥೆಗಳಲ್ಲಿ ಕೊರಿಯಾದ್ದೇ ಏಕೆ ಎಂಬ ಪ್ರಶ್ನೆಗೆ ಈ ಪಂಥದ ಬಳಿ ಪೂರ್ತಿ ಉತ್ತರವಿಲ್ಲ.

ನಾಲ್ಕನೆಯ ಪಂಥ: ಹೆಣ್ಣಿನ ಕಣ್ಣಲ್ಲಿ ನೋಡಿ

ಡಚ್ ಹೆಂಗಸರು ‘ಡಲ್ಲಾಸ್’ ಬಗ್ಗೆ ಬರೆದ ಪತ್ರಗಳನ್ನು ಓದಿ ಇಯೆನ್ ಆಂಗ್ ಕಂಡುಕೊಂಡದ್ದು ಒಂದು ಮುಖ್ಯ ಸತ್ಯ: ಕಥೆಯ ವೈಭವ ಸುಳ್ಳೆಂದು ಗೊತ್ತಿದ್ದರೂ ಅದರ ಭಾವ ನೋಡುಗರಿಗೆ ನಿಜ. 1984ರಲ್ಲಿ ಜಾನಿಸ್ ರಾಡ್‌ವೇ ಅಮೆರಿಕದ ಪ್ರೇಮಕಾದಂಬರಿ ಓದುಗರನ್ನು ಅಭ್ಯಸಿಸಿ, ಮನೆಗೆಲಸದ ನಡುವೆ ಹೆಣ್ಣು ತನಗಾಗಿ ಕದ್ದುಕೊಳ್ಳುವ ಹೊತ್ತಾಗಿ ಆ ಓದನ್ನು ಕಂಡರು. ದೆಹಲಿಯ ಕೆಳಮಧ್ಯಮ ವರ್ಗದ ಮನೆಗಳಲ್ಲಿ ದೂರದರ್ಶನ ನೋಡುವ ಹೆಂಗಸರ ನಡುವೆ ಕೂತು ಪೂರ್ಣಿಮಾ ಮಂಕೇಕರ್ 1999ರಲ್ಲಿ ಪ್ರಕಟಿಸಿದ ಅಧ್ಯಯನ, ಅವರು ಧಾರಾವಾಹಿಯ ನೆಪದಲ್ಲಿ ತಮ್ಮ ಬದುಕನ್ನೇ ಚರ್ಚಿಸುತ್ತಿದ್ದುದನ್ನು ತೋರಿಸಿತು.

ಕನ್ನಡದಲ್ಲಿ ಈ ವಾದಕ್ಕೆ ಆಳವಾದ ಬೇರಿದೆ. ತ್ರಿವೇಣಿ, ಎಂ.ಕೆ. ಇಂದಿರಾ, ಅನುಪಮಾ ನಿರಂಜನ, ಸಾಯಿಸುತೆ ಬರೆದ ಕಾದಂಬರಿಗಳನ್ನು ಎರಡು ಮೂರು ತಲೆಮಾರಿನ ಹೆಣ್ಣುಮಕ್ಕಳು ಲೈಬ್ರರಿಯಿಂದ ತಂದು ಓದಿದರು. ತ್ರಿವೇಣಿಯವರ ‘ಬೆಳ್ಳಿಮೋಡ’ ಮತ್ತು ‘ಶರಪಂಜರ’, ಇಂದಿರಾ ಅವರ ‘ಗೆಜ್ಜೆಪೂಜೆ’ ಪುಟ್ಟಣ್ಣ ಕಣಗಾಲರ ಕೈಯಲ್ಲಿ ಚಿತ್ರಗಳಾದವು. ಅವು ಹೆಣ್ಣಿನ ಮನಸ್ಸನ್ನು ಕಥೆಯ ನಡುಮನೆಯಲ್ಲಿ ಕೂರಿಸಿದವು. ಕೊರಿಯಾದ ಪ್ರೇಮಧಾರಾವಾಹಿಗಳನ್ನು ಬರೆಯುವವರಲ್ಲೂ ಹೆಂಗಸರೇ ಮುಂದೆ. ‘ಡಿಸೆಂಡೆಂಟ್ಸ್ ಆಫ್ ದ ಸನ್’ ಬರೆದವರಲ್ಲಿ ಕಿಮ್ ಉನ್-ಸುಕ್ ಮುಖ್ಯರು. ‘ಕ್ರ್ಯಾಶ್ ಲ್ಯಾಂಡಿಂಗ್ ಆನ್ ಯೂ’ ಪಾರ್ಕ್ ಜಿ-ಉನ್ ಅವರದು. ಅಲ್ಲಿನ ನಾಯಕ ಹೆಣ್ಣಿನ ಮಾತನ್ನು ಕೊನೆಯವರೆಗೆ ಕೇಳಿಸಿಕೊಳ್ಳುತ್ತಾನೆ, ಅಡುಗೆ ಮಾಡಿ ಬಡಿಸುತ್ತಾನೆ, ಕಾಯುತ್ತಾನೆ, ಅಳುತ್ತಾನೆ. ಕಥೆ ಸಾಮಾನ್ಯವಾಗಿ 16ರಿಂದ 20 ಕಂತುಗಳಲ್ಲಿ ಮುಗಿಯುತ್ತದೆ. ಅತ್ತೆಸೊಸೆಯ ಹಗೆಯನ್ನು ವರ್ಷಗಟ್ಟಲೆ ಎಳೆಯುವ ಧಾರಾವಾಹಿಗಳಿಂದ ದಣಿದ ನೋಡುಗರಿಗೆ ಈ ಮಿತವೂ ಒಂದು ಬಿಡುಗಡೆ.

ಈ ಪಂಥ ಕೊರಿಯಾವೇ ಏಕೆ ಎಂಬುದಕ್ಕೆ ಉಳಿದವಕ್ಕಿಂತ ಗಟ್ಟಿ ಉತ್ತರ ಕೊಡುತ್ತದೆ. ಮೃದುವಾದ ಗಂಡಸಿನ ಕನಸು ನೋಡುಗರ ನಿಜಜೀವನದ ಕೇಳಿಕೆಯಾಗುತ್ತದೆಯೋ, ಆ ಕೇಳಿಕೆಯನ್ನು ತಣಿಸಿ ಮಲಗಿಸುತ್ತದೆಯೋ ಎಂಬಲ್ಲಿ ಪಂಥದೊಳಗೇ ಭಿನ್ನಮತವಿದೆ. ಬೇಗನೆ ಮದುವೆ ಮಾಡುವ ಒತ್ತಡ ಇನ್ನೂ ಉಳಿದಿರುವ ಹಳ್ಳಿಗಳಲ್ಲಿ ಇದು ಬರೀ ಪಂಡಿತರ ಜಗಳವಲ್ಲ.

ಐದನೆಯ ಪಂಥ: ನಾಳೆಯ ಬದುಕಿನ ಬಯಕೆ

ಜಪಾನಿನ ಧಾರಾವಾಹಿಗಳನ್ನು ತೈವಾನಿನವರು ನೋಡಿದ ಬಗೆಯನ್ನು ಕುರಿತು ಕೊಯಿಚಿ ಇವಾಬುಚಿ 2002ರಲ್ಲಿ ಬರೆದರು: ಅಲ್ಲಿನ ಯುವಜನ ಟೋಕಿಯೊದಲ್ಲಿ ಕಂಡದ್ದು ತಮಗೂ ಎಟುಕಬಹುದಾದ ಇಂದಿನ ಬದುಕನ್ನು. ಇನ್ನೂ ಹತ್ತಿರದ ಉದಾಹರಣೆ ಬ್ರಯನ್ ಲಾರ್ಕಿನ್ 1997ರಲ್ಲಿ ಕೊಟ್ಟದ್ದು. ಉತ್ತರ ನೈಜೀರಿಯಾದ ಹೌಸಾ ಮುಸ್ಲಿಮರು ಹಿಂದಿ ಸಿನಿಮಾಗಳನ್ನು ಅಷ್ಟು ಪ್ರೀತಿಸಿದ್ದು ಅವು ಪಶ್ಚಿಮವೂ ಅಲ್ಲದ, ತಮ್ಮ ಊರಿನ ಸಂಪ್ರದಾಯವೂ ಅಲ್ಲದ ಮೂರನೆಯ ದಾರಿ ತೋರಿಸಿದ್ದರಿಂದ. ಹಿರಿಯರನ್ನು ಧಿಕ್ಕರಿಸದೆ ಪ್ರೀತಿಸುವುದು ಹೇಗೆ ಎಂಬುದಕ್ಕೆ ಅಲ್ಲಿ ಒಂದು ಪಾಠವಿತ್ತು.

ಕೊರಿಯಾ ಇಂದು ಆ ಸ್ಥಾನದಲ್ಲಿದೆ. ಸ್ಯಾಮ್‌ಸಂಗ್ ಫೋನು, ಹ್ಯುಂಡೈ ಕಾರು, ಎಲ್‌ಜಿ ಫ್ರಿಜ್ಜಿನ ಮೂಲಕ ಆ ದೇಶ ಈಗಾಗಲೇ ಮನೆಯೊಳಗಿದೆ. ಮಂಗೋಲಿಯಾದವರಿಗೆ ಅದು ದುಡಿಯಲು ಹೋಗುವ ನಾಡೂ ಹೌದು. ಉಲಾನ್‌ಬಾತರ್‌ನಲ್ಲಿ ಕೊರಿಯಾದ ಅಂಗಡಿ ಸರಣಿಗಳೇ ತೆರೆದಿವೆ. ದುಡಿಯಲು ಹೋದ ನಾಡಿನ ಕಥೆ ಮನೆಗೆ ಬರುತ್ತದೆ ಎಂಬ ಸೂತ್ರವನ್ನು ಇಲ್ಲಿಗೆ ತಂದರೆ ಕಲಬುರಗಿಯ ಗುಳೆಯ ಹಾದಿ ಮುಂಬೈ ಮತ್ತು ಹೈದರಾಬಾದಿನದು, ಭಾಷೆ ಹಿಂದಿ ಮತ್ತು ತೆಲುಗಿನದು. ಕೊರಿಯಾದ ಕಥೆ ಈ ಸೀಮೆಗೆ ಬರುವುದೂ ಅದೇ ಎರಡು ದನಿಗಳಲ್ಲಿ ಎಂಬುದು ಗಮನಿಸಬೇಕಾದ ಮಾತು. ಆದರೆ ಬಯಕೆಯ ಮೇಲೆಯೇ ಒತ್ತುಕೊಡುವ ಈ ಪಂಥ ಕಥೆಯೊಳಗಿನ ದುಃಖಕ್ಕೆ ಕಿವುಡಾಗುವ ಅಪಾಯವಿದೆ. ಜನ ಸೋಲ್‌ನ ಗಾಜಿನ ಕಟ್ಟಡ ನೋಡಿ ಬೆರಗಾಗುತ್ತಾರೆ. ಅಳುವುದು ಅದರ ಮೆಟ್ಟಿಲಲ್ಲಿ ಕೂತ ಅಪ್ಪನನ್ನು ನೋಡಿ.

ಕನ್ನಡದ್ದೇ ಗಂಟು: ಯಾರಿಗೆ ನೋಡುವ ಹಕ್ಕು?

ಮೇಲಿನ ಐದೂ ಪಂಥಗಳು ಆಕರ್ಷಣೆಯನ್ನು ವಿವರಿಸುತ್ತವೆ. ಕನ್ನಡ ನಾಡಿನಲ್ಲಿ ಇದಕ್ಕೆ ಇನ್ನೊಂದು ಪದರವಿದೆ. 2012ರಲ್ಲಿ ಆಮಿರ್ ಖಾನರ ‘ಸತ್ಯಮೇವ ಜಯತೆ’ ಹಲವು ಭಾಷೆಗಳ ದನಿಯಲ್ಲಿ ಪ್ರಸಾರವಾದಾಗ, ಡಬ್ಬಿಂಗಿಗೆ ಇದ್ದ ತಡೆಯಿಂದಾಗಿ ಕನ್ನಡ ವಾಹಿನಿಯಲ್ಲಿ ಬರಲಿಲ್ಲ. ಕನ್ನಡ ಗ್ರಾಹಕರ ಕೂಟದ ದೂರಿನ ಮೇರೆಗೆ ಭಾರತೀಯ ಸ್ಪರ್ಧಾ ಆಯೋಗ 2015ರಲ್ಲಿ ಡಬ್ಬಿಂಗ್ ತಡೆಯುವುದು ತಪ್ಪೆಂದು ತೀರ್ಪಿತ್ತಿತು. ನಿಜವಾದ ತಿರುವು ಬಂದದ್ದು 2020ರಲ್ಲಿ. ಲಾಕ್‌ಡೌನಿನಿಂದ ಚಿತ್ರೀಕರಣ ನಿಂತಾಗ ಸ್ಟಾರ್ ಸುವರ್ಣದಲ್ಲಿ ‘ಮಹಾಭಾರತ’ ಕನ್ನಡ ದನಿಯಲ್ಲಿ ಬಂತು. ಜುಲೈಯಲ್ಲಿ ಜೀ ಕನ್ನಡದಲ್ಲಿ ‘ಮಹಾನಾಯಕ ಡಾ. ಬಿ.ಆರ್. ಅಂಬೇಡ್ಕರ್’ ಆರಂಭವಾಯಿತು.

‘ಮಹಾನಾಯಕ’ಕ್ಕೆ ಸಿಕ್ಕ ಸ್ವಾಗತ ಹಳೆಯ ಲೆಕ್ಕಗಳನ್ನೆಲ್ಲ ಕೆಡಿಸಿತು. ರಾಜ್ಯದ ಹಳ್ಳಿ ಹಳ್ಳಿಗಳಲ್ಲಿ ಯುವಕರು ತಮ್ಮ ಕೈಯಿಂದ ಹಣ ಹಾಕಿ ಧಾರಾವಾಹಿಯ ಬ್ಯಾನರ್ ಕಟ್ಟಿದರು. ಹಿಂದಿಯಲ್ಲಿ ತಯಾರಾದ, ತುಟಿ ಮಾತಿಗೆ ಹೊಂದದ ಧಾರಾವಾಹಿಗೆ ಅಷ್ಟು ಪ್ರೀತಿ ಬಂದದ್ದು ಏಕೆ? ಕನ್ನಡದ ಸ್ವಂತ ಧಾರಾವಾಹಿಗಳು ಅಷ್ಟು ವರ್ಷ ಹೇಳದೆ ಬಿಟ್ಟ ನೋವನ್ನು ಅದು ಕನ್ನಡದಲ್ಲಿ ಹೇಳಿತು. ಅದು ಪ್ರೇಮಕಥೆಯಲ್ಲ. ಆದರೆ ಅವಮಾನ, ತಾಯ್ತಂದೆಯರ ತ್ಯಾಗ, ಛಲ, ಗೆಲುವು ಎಂಬ ಅದರ ನಡೆ ಅದೇ ಕಣ್ಣೀರಿನ ವ್ಯಾಕರಣದ್ದು. ಇಲ್ಲಿ ಹೊರಗಿನ ಕಥೆ ಒಳಗಿನ ಕೊರತೆಯನ್ನು ತೋರಿಸಿಕೊಟ್ಟಿತು.

ಈ ನಿದರ್ಶನವೇ ಒಟ್ಟು ಚರ್ಚೆಯನ್ನು ಓದುವ ಸರಿಯಾದ ಜಾಗ ಎಂದು ಈ ಲೇಖಕನಿಗೆ ಅನಿಸುತ್ತದೆ. ದೂರದ ಕಥೆ ನಮ್ಮನ್ನು ಸೆಳೆಯುವುದು ಅದು ದೂರದ್ದೆಂದಲ್ಲ, ಪೂರ್ತಿ ಹತ್ತಿರದ್ದೆಂದೂ ಅಲ್ಲ. ನಮ್ಮ ಹಾಡು, ನಾಟಕ, ಕಾದಂಬರಿಗಳು ಕಿವಿಗೆ ಕಲಿಸಿಟ್ಟ ಭಾವವನ್ನು ನಮ್ಮವರೇ ಹೇಳುವುದನ್ನು ನಿಲ್ಲಿಸಿದ ಹೊತ್ತಿನಲ್ಲಿ, ಬೇರೆಯವರು ಬಂದು ಹೇಳಿದಾಗ ಅದು ನಮ್ಮದಾಗುತ್ತದೆ. ಧುತ್ತರಗಿಯವರ ನಾಟಕಕ್ಕೆ ಅತ್ತ ಸೀಮೆ ಸೋಲ್‌ನ ಕಥೆಗೆ ಅಳುವುದರಲ್ಲಿ ಆಶ್ಚರ್ಯವಿಲ್ಲ. ಆ ಸೀಮೆಯ ಬದುಕನ್ನು ಅದರದೇ ಮಾತಿನಲ್ಲಿ, ಗೌರವದಿಂದ ಹೇಳುವ ಪ್ರೇಮಕಥೆ ಕನ್ನಡ ಪರದೆಯ ಮೇಲೆ ವಿರಳವಾಗಿರುವುದು ನೋವಿನ ಸಂಗತಿ.

ಇದರ ಜೊತೆಗೆ ಹಕ್ಕಿನ ಮಾತೂ ಇದೆ. ಹಿಂದಿ, ತೆಲುಗು ಬಲ್ಲ ಯುವಜನಕ್ಕೆ ಜಗತ್ತಿನ ಕಥೆ ಸಿಗುತ್ತದೆ. ಕನ್ನಡವೊಂದನ್ನೇ ಬಲ್ಲ ತಾಯಿಗೆ, ಅಜ್ಜಿಗೆ ಅಷ್ಟಾಗಿ ಸಿಗುವುದಿಲ್ಲ. ಭಾಷೆಯನ್ನು ಉಳಿಸಲೆಂದು ಹಾಕಿದ ಬೇಲಿ ಆ ಭಾಷೆಗೆ ಅತ್ಯಂತ ನಿಷ್ಠರಾದವರನ್ನೇ ಹೊರಗಿಟ್ಟರೆ ಅದನ್ನು ಮತ್ತೆ ಅಳೆದು ನೋಡಬೇಕು.

ಇನ್ನೂ ತೀರ್ಮಾನವಾಗದ ಮಾತುಗಳು

ಮೊದಲನೆಯದು ಕಾರಣದ ಪ್ರಶ್ನೆ. ಕುಟುಂಬದ ಕಟ್ಟಳೆ, ಹೆಣ್ಣಿನ ಬಯಕೆ, ಅಗ್ಗದ ಡೇಟಾ, ದೊರಕುವ ದನಿ ಇವುಗಳಲ್ಲಿ ಯಾವುದರ ತೂಕ ಎಷ್ಟು? ಮಣಿಪುರದಲ್ಲಿ ನಿಷೇಧ, ಮಂಗೋಲಿಯಾದಲ್ಲಿ ದುಡಿಮೆ, ಇಲ್ಲಿ ಬಹುಭಾಷೆಯ ರೂಢಿ ದೊಡ್ಡದಾಗಿ ಕಾಣುತ್ತವೆ. ಒಂದೇ ಸಿದ್ಧಾಂತ ಮೂರನ್ನೂ ಹಿಡಿದಿಡಬಲ್ಲದೇ, ಅಥವಾ ಪ್ರತಿ ಸೀಮೆಗೂ ಬೇರೆ ಬೇರೆ ಉತ್ತರವೇ?

ಎರಡನೆಯದು ಪರಿಣಾಮದ್ದು. ಹದಿನಾರು ಕಂತು ಮೃದುವಾದ ನಾಯಕನನ್ನು ನೋಡಿದ ಹುಡುಗಿ, ಅವನನ್ನು ನೋಡಿದ ಹುಡುಗ, ತಮ್ಮ ಮದುವೆಯ ಬಗ್ಗೆ, ಮನೆಗೆಲಸದ ಪಾಲಿನ ಬಗ್ಗೆ, ಜಾತಿಯ ಗೋಡೆಯ ಬಗ್ಗೆ ಬೇರೆಯಾಗಿ ಯೋಚಿಸುತ್ತಾರೆಯೇ? ಕೊರಿಯಾದ ಕಥೆಯಲ್ಲಿ ಅಡ್ಡಿ ಬರುವುದು ಅಂತಸ್ತು. ಇಲ್ಲಿನ ಪ್ರೇಮಕ್ಕೆ ಅಡ್ಡಿ ಬರುವುದು ಹೆಚ್ಚಾಗಿ ಜಾತಿ. ಅಂತಸ್ತಿನ ಗೋಡೆ ಒಡೆಯುವುದನ್ನು ನೋಡಿದ ಅನುಭವ ಜಾತಿಯ ಗೋಡೆಯತ್ತ ತಿರುಗುತ್ತದೆಯೇ, ಅಥವಾ ಜಾತಿಯ ಮಾತು ಬಾರದ ಕಥೆಯೇ ನೆಮ್ಮದಿ ಎಂದು ಜನ ಅದನ್ನು ಆರಿಸುತ್ತಾರೆಯೇ? ಇದಕ್ಕೆ ಉತ್ತರ ಸಿಗುವುದು ಊರ ಮನೆಗಳಲ್ಲಿ ಕೂತು ಕೇಳಿಸಿಕೊಂಡಾಗ ಮಾತ್ರ. ಕಲಬುರಗಿಯಲ್ಲಿ ವಿಶ್ವವಿದ್ಯಾಲಯಗಳಿವೆ. ಅವು ಕೈಗೆತ್ತಿಕೊಳ್ಳಬೇಕಾದ ಕೆಲಸ ಇದು.

ಮೂರನೆಯದು ಡಬ್ಬಿಂಗಿನ ಸ್ವರೂಪದ್ದು. ಬಾಗಿಲು ತೆರೆದ ಮೇಲೆ ಯಾವ ಕನ್ನಡದಲ್ಲಿ ಡಬ್ ಮಾಡಬೇಕು? ಸೋಲ್‌ನ ಅಜ್ಜಿ ಬೆಂಗಳೂರಿನ ಕನ್ನಡವನ್ನೇ ಆಡಬೇಕೆ? ಗ್ರಾಮದ ಪಾತ್ರಗಳಿಗೆ ಚಿತ್ತಾಪುರದ, ಚಿಂಚೋಳಿಯ ನುಡಿ ಬಂದರೆ ಆ ನುಡಿಗೆ ನಗೆಯ ಆಚೆಗೂ ಒಂದು ಜಾಗ ಸಿಗಬಹುದು, ಈ ಭಾಗದ ಕಲಾವಿದರ ಕಂಠಕ್ಕೆ ಕೆಲಸವೂ ಸಿಗಬಹುದು. ಹಣ ಹಾಕುವವರು ಒಪ್ಪುತ್ತಾರೆಯೇ, ಉಳಿದ ಕರ್ನಾಟಕ ಕೇಳುತ್ತದೆಯೇ?

ನಾಲ್ಕನೆಯದು ಎಲ್ಲಕ್ಕಿಂತ ಹಳೆಯದು, ಎಲ್ಲಕ್ಕಿಂತ ಕಷ್ಟದ್ದು. ಹೊರಗಿನ ಕಥೆಗೆ ಬಾಗಿಲು ತೆರೆಯುವುದು ಸ್ವಂತ ಕಥೆಯನ್ನು ಬೆಳೆಸುತ್ತದೆಯೋ ಕೊಲ್ಲುತ್ತದೆಯೋ? ಮರಾಠಿ ನಾಟಕದ ಎದುರು ಕನ್ನಡ ರಂಗಭೂಮಿ ಬೆಳೆದದ್ದು ಒಂದು ಉತ್ತರ. ಡಬ್ಬಿಂಗ್ ತಡೆದು ಕನ್ನಡ ಸಿನಿಮಾ ಬೆಳೆದದ್ದು ಅದಕ್ಕೆ ಎದುರಾದ ಇನ್ನೊಂದು ಉತ್ತರ. ಎರಡಕ್ಕೂ ಇತಿಹಾಸದ ಸಾಕ್ಷಿಯಿದೆ. ಇವೆರಡನ್ನು ಹೊಂದಿಸಿ ಹೇಳುವ ವಿವರಣೆ ಕನ್ನಡ ವಿಮರ್ಶೆಯಿಂದ ಇನ್ನೂ ಬರಬೇಕಾಗಿದೆ. ಅಲ್ಲಿಯವರೆಗೆ ಪರಭಾಷೆಯ ಪ್ರೇಮಕಥೆ ನೋಡುವವರನ್ನು ಭಾಷಾದ್ರೋಹಿಗಳೆಂದಾಗಲಿ ಮರುಳರೆಂದಾಗಲಿ ಕರೆಯುವ ಹಕ್ಕು ಯಾರಿಗೂ ಇಲ್ಲ. ಅವರನ್ನು ಕೇಳಬೇಕಾದದ್ದು ಒಂದೇ: ಆ ಕಥೆಯಲ್ಲಿ ಸಿಕ್ಕ ಯಾವುದು ನಿಮಗೆ ಕನ್ನಡದಲ್ಲಿ ಸಿಗಲಿಲ್ಲ?